ಇಬ್ಬರಿಗೂ ಒಂದೇ ಕೈಲಾಸ

ಹಂಸಭಾವಿಯ ಸುತ್ತಿನ ಹಿರೇಕೆರೂರು, ಹಾನಗಲ್ಲು ಸೀಮೆಯಲ್ಲಿ ವೀರಗಲ್ಲುಗಳಿಗೆ ಬರವಿಲ್ಲ. ಕೆಳಗಿನ ಪಟ್ಟಿಕೆಯಲ್ಲಿ ಕಾಳಗ, ನಡುವೆ ಸತ್ತವನನ್ನು ತೋಳು ಹಿಡಿದು ಮೇಲಕ್ಕೊಯ್ಯುವ ಅಪ್ಸರೆಯರು, ತುದಿಯಲ್ಲಿ ಶಿವಲಿಂಗದೆದುರು ಕೈಮುಗಿದು ಕೂತ ಅದೇ ವೀರ, ಮೇಲೆ ಸೂರ್ಯಚಂದ್ರರು. ಪಾನುಂಗಲ್ ಐನೂರು ಎನಿಸಿಕೊಂಡಿದ್ದ ಈ ನಾಡು ಚಾಲುಕ್ಯ, ಹೊಯ್ಸಳ, ಸೇವುಣರ ಎಳೆದಾಟಕ್ಕೆ ಸಿಕ್ಕ ಗಡಿ. 1196ರಲ್ಲಿ ಹೊಯ್ಸಳ ಇಮ್ಮಡಿ ವೀರಬಲ್ಲಾಳ ಆನೆಕೆರೆಯ ಬಳಿ ಬೀಡುಬಿಟ್ಟು ಹಾನಗಲ್ಲಿಗೆ ಮುತ್ತಿಗೆ ಹಾಕಿದ. ಹಾನಗಲ್ಲನ್ನಾಳುತ್ತಿದ್ದ ಕದಂಬ ಕಾಮದೇವನ ದಂಡನಾಯಕ ಸೋಹಣಿ ಕಾದಿ ಮಡಿದ, ಆ ಸಲಕ್ಕೆ ಹೊಯ್ಸಳರು ಹಿಂದೆ ಸರಿದರು. ಶಾಸನತಜ್ಞ ಜೆ.ಎಫ್. ಫ್ಲೀಟ್ ಈ ಸಂಗತಿಯನ್ನು ತೆಗೆದದ್ದು ಹಾನಗಲ್ಲಿನದೇ ಒಂದು ವೀರಗಲ್ಲಿನಿಂದ. ಆದರೆ ನಾಡಿನ ಎಷ್ಟೋ ಕಲ್ಲುಗಳಲ್ಲಿರುವುದು ಇಷ್ಟು ದೊಡ್ಡ ಯುದ್ಧವೂ ಅಲ್ಲ. ತುರುಗೊಳ್ (ದನ ಕವರುವುದು), ಊರಳಿವು (ಊರು ಹಾಳುಗೆಡವುವುದು), ಪೆಣ್ಬುಯ್ಯಲ್ (ಹೆಂಗಸರ ಮೊರೆ) ಎಂದು ಶಾಸನಗಳು ಕರೆಯುವ, ಯಾವ ರಾಜನ ಪ್ರಶಸ್ತಿಗೂ ಬೇಕಿಲ್ಲದ ಹೊಡೆದಾಟಗಳು.

ಮರೆತ ಯುದ್ಧಗಳನ್ನು ನೆನಪಿಡುವುದು ದೊಡ್ಡ ಕೆಲಸ, ಎಲ್ಲ ಗಡಿಗಳೂ ಅದನ್ನು ಮಾಡುವುದಿಲ್ಲ. 1893ರಲ್ಲಿ ಇತಿಹಾಸಕಾರ ಫ್ರೆಡರಿಕ್ ಜಾಕ್ಸನ್ ಟರ್ನರ್ ಅಮೆರಿಕದ ಗಡಿಯನ್ನು ಖಾಲಿ ನೆಲದತ್ತ ನಡೆದ ಜನರ ಕಥೆಯಾಗಿ ಬರೆದ. ವೂಂಡೆಡ್ ನೀಯಲ್ಲಿ ಲಕೋಟಾ ಜನರ ಮಾರಣಹೋಮ ನಡೆದು ಆಗಿನ್ನೂ ಮೂರು ವರ್ಷ ತುಂಬಿರಲಿಲ್ಲ. ನಮ್ಮ ಗಡಿ ಅಷ್ಟು ಮಟ್ಟಿಗೆ ಪ್ರಾಮಾಣಿಕ, ಸತ್ತವನಿಗೆ ಕಲ್ಲು ನಿಲ್ಲಿಸಿತು. ನನ್ನನ್ನು ಕಾಡುವುದು ಆ ಕಲ್ಲಿನ ಮೇಲಿನ ಪಟ್ಟಿಕೆ. ತುರು ಬಿಡಿಸಿ ಸತ್ತವನಿಗೂ ಕೈಲಾಸ, ತುರು ಕವರಲು ಹೋಗಿ ಸತ್ತವನಿಗೂ ಕೈಲಾಸ. ಇಬ್ಬರಿಗೂ ಒಂದೇ ಲಿಂಗ, ಅದೇ ಅಪ್ಸರೆಯರು. ಸಾವಿಗೆ ಸಲ್ಲಬೇಕಾದ ಗೌರವ ಕೊಡುವ ಭರದಲ್ಲಿ ಧರ್ಮ ಯುದ್ಧದ ನ್ಯಾಯಾನ್ಯಾಯವನ್ನೇ ಕೈಬಿಟ್ಟಿದೆ ಎಂದು ನನಗೆ ಅನ್ನಿಸುತ್ತದೆ.

ಇದೆಲ್ಲ ಆಳುವವರು ಹೂಡಿದ ಆಮಿಷ, ಧರ್ಮವನ್ನು ದೂರುವುದೇಕೆ ಎನ್ನಬಹುದು. ಸತ್ತವನ ಮನೆಯವರಿಗೆ ನೆತ್ತರುಗೊಡಗೆಯಾಗಿ ಹೊಲ ಸಿಗುತ್ತಿದ್ದುದು ನಿಜ, ಸ್ವರ್ಗದ ನಂಬಿಕೆ ಒಡೆಯರಿಗೆ ಲಾಭ ತಂದದ್ದೂ ನಿಜ. ಆದರೆ ಎಷ್ಟೋ ಕಲ್ಲುಗಳನ್ನು ನಿಲ್ಲಿಸಿದವರು ಮಗ, ತಮ್ಮ, ಊರವರು. ಅವರ ದುಃಖ ಯಾರೋ ಹೇಳಿಕೊಟ್ಟದ್ದಲ್ಲ; ಆ ದುಃಖವೇ ಸ್ವರ್ಗವನ್ನು ಬೇಡಿತು, ಹಾಗಾಗಿಯೇ ಅದನ್ನು ಪ್ರಶ್ನಿಸುವುದು ಕಷ್ಟ. ಅಂದಿನವರನ್ನು ಇಂದಿನ ನೀತಿಯಿಂದ ಅಳೆಯುವುದು ಸಲ್ಲದು ಎಂಬ ಇನ್ನೊಂದು ಆಕ್ಷೇಪವನ್ನು ಮಾತ್ರ ನಾನು ಒಪ್ಪಲಾರೆ, ಏಕೆಂದರೆ ಬೇರೆ ಅಳತೆ ಅಂದೇ ಇತ್ತು. ಇತಿಹಾಸಕಾರ ಷ. ಶೆಟ್ಟರ್ 1982ರಲ್ಲಿ ಸೊಂಥೈಮರ್ ಜೊತೆ ಸಂಪಾದಿಸಿದ ಸ್ಮಾರಕಶಿಲೆಗಳ ಸಂಪುಟದಲ್ಲಿ ವೀರಗಲ್ಲಿನ ಪಕ್ಕದಲ್ಲೇ ಉಪವಾಸವಿದ್ದು ಸಾವನ್ನು ಬರಮಾಡಿಕೊಂಡ ಜೈನರ ನಿಷಿಧಿಗಲ್ಲಿಗೂ ಜಾಗ ಸಿಕ್ಕಿತು. ಮುಂದೆ ಆ ವ್ರತದ, ಅಂದರೆ ಸಲ್ಲೇಖನದ, ಅಧ್ಯಯನಕ್ಕೆ ಅವರು ವರ್ಷಗಳನ್ನೇ ಕೊಟ್ಟರು. ಸಲ್ಲೇಖನದಿಂದ ಸಾಯುವವನಿಗೆ ಶತ್ರುವಿಲ್ಲ. ಅನ್ನ ಬಿಡುತ್ತಾನೆ, ಕೋಪ, ಲೋಭಗಳಂಥ ಕಷಾಯಗಳನ್ನು ಬಿಡುತ್ತಾನೆ, ಯಾರ ರಕ್ತವನ್ನೂ ಹರಿಸದೆ ಸದ್ಗತಿ ಬಯಸುತ್ತಾನೆ. ಒಂದೇ ಕನ್ನಡ ನೆಲದಲ್ಲಿ, ಅದೇ ಶತಮಾನಗಳಲ್ಲಿ, ಕೊಲ್ಲದೆಯೂ ದೊಡ್ಡ ಸಾವು ಸಾಯಬಹುದೆಂದು ತಿಳಿದವರಿದ್ದರು. ಜೈನ ಮನೆತನಗಳೂ ಯುದ್ಧ ಮಾಡಿದವು, ನಿಜ. ಅಷ್ಟಕ್ಕೇ ಆ ಅಳತೆ ಸುಳ್ಳಾಗುವುದಿಲ್ಲ.

ಆ ಅಳತೆ ಹಿಡಿದು ಪೆಣ್ಬುಯ್ಯಲಿನ ಕಲ್ಲುಗಳ ಮುಂದೆ ನಿಂತರೆ ಅಲ್ಲಿಲ್ಲದವರು ಕಾಣುತ್ತಾರೆ. ಕಾದಿ ಸತ್ತವನ ಹೆಸರಿದೆ, ಕೆಲವೊಮ್ಮೆ ಅವನ ತಂದೆಯ ಹೆಸರೂ ಕಲ್ಲು ನಿಲ್ಲಿಸಿದವರ ಹೆಸರೂ ಇವೆ. ಯಾರ ಕೂಗಿಗೆ ಅವನು ಓಡಿಬಂದನೋ ಆ ಹೆಂಗಸರ ಹೆಸರು ಸಾಮಾನ್ಯವಾಗಿ ಇರುವುದಿಲ್ಲ. ಅವರಲ್ಲಿ ಎಷ್ಟು ಮಂದಿ ಮನೆಗೆ ಮರಳಿದರು ಎಂಬುದನ್ನು ಬರೆಸುವುದು ಯಾರಿಗೂ ಬೇಕಾಗಿರಲಿಲ್ಲ. ವೀರನಿಗೆ ಕೈಲಾಸ ಸಿಕ್ಕಿತೆಂಬಲ್ಲಿಗೆ ಶಾಸನ ನಿಲ್ಲುತ್ತದೆ.