ವ್ರತದ ಹೊರೆ ಹೊರುವವರು ಯಾರು?

ಡಿಸೆಂಬರ್ ತಿಂಗಳ ಮೊದಲ ವಾರದಲ್ಲಿ ಬೆಂಗಳೂರಿನಲ್ಲಿ ಸಂಜೆ 6 ಗಂಟೆಗೆ ಮೊದಲೇ ಸೂರ್ಯಾಸ್ತವಾಗುತ್ತದೆ. ದಿನದ ಕೊನೆಯ ಮುಹೂರ್ತವನ್ನೂ, ಎಂದರೆ 48 ನಿಮಿಷಗಳನ್ನೂ, ವರ್ಜಿಸುವ ಶ್ರಾವಕರು 5 ಗಂಟೆಯ ಸುಮಾರಿಗೆ ಭೋಜನ ಮುಗಿಸಿರಬೇಕು. ಅಂತಹ ಮನೆಗಳಲ್ಲಿ ಇಂದು ಕಾಣುವ ಚಿತ್ರ ಹೀಗಿದೆ. ಅತ್ತೆ ಮಾವಂದಿರು ನಿಷ್ಠೆಯ ವ್ರತಿಗಳು. ಮಗ ಕಚೇರಿಯಿಂದ ಮರಳುವುದು ರಾತ್ರಿ 8 ಗಂಟೆಗೆ. ಸೊಸೆ ಶಾಲಾ ಶಿಕ್ಷಕಿ. 4 ಗಂಟೆ ಕಳೆದು ಬಂದವಳೇ ನೀರು ಸೋಸಿ ಒಲೆ ಹಚ್ಚುತ್ತಾಳೆ. ಹಿರಿಯರಿಗೆ ಬಡಿಸಿ ಮುಗಿಸುವಷ್ಟರಲ್ಲಿ ಅವಳ ಹೊತ್ತು ಮೀರಿರುತ್ತದೆ. ರಾತ್ರಿ ಗಂಡನಿಗಾಗಿ ಮತ್ತೆ ಅಡುಗೆ. ಅವಳೂ ನಿಯಮ ಹಿಡಿದವಳೇ. ಆದುದರಿಂದ ಬಸ್ಸು ತಡವಾದ ದಿನ ಅವಳಿಗೆ ಉಪವಾಸ. ಅಂದು ಅಷ್ಟಮಿಯೂ ಅಲ್ಲ, ಚತುರ್ದಶಿಯೂ ಅಲ್ಲ.

ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ರಾತ್ರಿಭುಕ್ತಿವಿರತಿಯನ್ನು ಹನ್ನೊಂದು ಪ್ರತಿಮೆಗಳಲ್ಲಿ ಆರನೆಯದಾಗಿ ಹೇಳಿದ್ದಾರೆ. ಅಲ್ಲಿ ಅನ್ನ, ಪಾನ, ಖಾದ್ಯ, ಲೇಹ್ಯಗಳ ತ್ಯಾಗದೊಡನೆ ಜೀವಿಗಳಲ್ಲಿ ಅನುಕಂಪೆಯುಳ್ಳ ಮನಸ್ಸನ್ನೂ ಸೇರಿಸಿದ್ದಾರೆ. ದೀಪದ ಸುತ್ತ ಸುಳಿಯುವ ಹುಳುವಿಗೆ ಸಲ್ಲುವ ಅನುಕಂಪೆ ಒಲೆಯ ಮುಂದೆ ನಿಂತವಳಿಗೆ ಸಲ್ಲಬಾರದೆ? ಅದೇ ಗ್ರಂಥವು ಅಹಿಂಸಾಣುವ್ರತದ ಅತಿಚಾರಗಳಲ್ಲಿ ಅತಿಭಾರಾರೋಪಣವನ್ನೂ ಆಹಾರವಾರಣವನ್ನೂ ಎಣಿಸುತ್ತದೆ. ಇವನ್ನು ಎತ್ತಿನ ಹೊರೆ, ಹಸುವಿನ ಮೇವು ಎಂದೇ ಅರ್ಥೈಸುವ ರೂಢಿ ಬೆಳೆದಿದೆ. ಎತ್ತು ಹಸುಗಳಿಲ್ಲದ ನಗರದ ಮನೆಯವರು ಈ ಎರಡು ದೋಷಗಳು ತಮಗೆ ತಗಲಲಾರವೆಂದು ನೆಮ್ಮದಿಯಿಂದಿರುತ್ತಾರೆ.

ಹಾಗೆಂದು ಹಿರಿಯರನ್ನು ದೂರುವುದು ನ್ಯಾಯವಲ್ಲ. ಅವರು ಬೆಳೆದ ಊರಿನ ಮನೆಯಲ್ಲಿ ಗಂಡಸರು ಬೆಳಕಿರುವಾಗಲೇ ಹೊಲದಿಂದ ಮರಳುತ್ತಿದ್ದರು. ಅಡುಗೆಮನೆಯಲ್ಲಿ ಓರಗಿತ್ತಿಯರು, ನಾದಿನಿಯರು ಕೂಡಿ ದುಡಿಯುತ್ತಿದ್ದರು. ವ್ರತದ ಭಾರ ಅಲ್ಲಿ ಹಂಚಿಹೋಗಿ ಕಣ್ಣಿಗೆ ಬೀಳುತ್ತಿರಲಿಲ್ಲ. ಈಗ ಅದೆಲ್ಲ ಒಬ್ಬಳ ಮೇಲೆ ಬಿದ್ದಿರುವುದೂ ಅವರ ಕಣ್ಣಿಗೆ ಬಿದ್ದಿಲ್ಲ. ‘ಕಾಲ ಬದಲಾಗಿದೆ, ನಿಯಮ ಸಡಿಲಿಸಿ’ ಎನ್ನುವ ಮಗನ ಮಾತಾದರೂ ಎಷ್ಟು ಪ್ರಾಮಾಣಿಕ? ತಾಯಿಯ ವ್ರತವನ್ನು ಬಿಡಿಸಲು ಸಿದ್ಧನಾದವನು ತನ್ನ ತಟ್ಟೆಗೆ ತಾನೇ ಬಡಿಸಿಕೊಳ್ಳಲು ಸಿದ್ಧನಿಲ್ಲ.

ನಿವೃತ್ತರಾದ ಮಾವನವರು 3 ಗಂಟೆಗೆ ಅಕ್ಕಿ ತೊಳೆದಿಡಲು, ಅತ್ತೆಯವರು ತರಕಾರಿ ಹೆಚ್ಚಿಡಲು, ಹಗಲೇ ಮಾಡಿಟ್ಟ ಅಡುಗೆಯನ್ನು ಮಗ ತಾನೇ ಬಡಿಸಿಕೊಳ್ಳಲು ಯಾವ ಶಾಸ್ತ್ರ ಅಡ್ಡಿಯಾಗಿದೆ? ಹಾಗೆ ನಡೆದ ಮನೆಯಲ್ಲಿ ಸಂಜೆಯ ಪಂಕ್ತಿಗೆ ಮೂರನೆಯ ತಟ್ಟೆಯೂ ಬರುತ್ತದೆ.