ಮುಸುಕು ಮತ್ತು ಮರೆಮಾಚುವಿಕೆ

ಸಹಾರಾ ಮರುಭೂಮಿಯ ಆಸುಪಾಸಿನಲ್ಲಿ, ಅಲ್ಜೀರಿಯ, ಲಿಬಿಯ, ಮಾಲಿ, ನೈಜರ್ ಮೊದಲಾದ ದೇಶಗಳಲ್ಲಿ ಹಂಚಿಹೋಗಿರುವ ಟುವಾರೆಗ್ ಜನಾಂಗದಲ್ಲಿ ಮುಖ ಮುಚ್ಚಿಕೊಳ್ಳುವವರು ಹೆಂಗಸರಲ್ಲ, ಗಂಡಸರು. ಪ್ರಾಯಕ್ಕೆ ಬಂದ ಹುಡುಗನು ಉದ್ದನೆಯ ವಸ್ತ್ರವೊಂದನ್ನು ತಲೆಗೂ ಮುಖಕ್ಕೂ ಸುತ್ತಿಕೊಳ್ಳುತ್ತಾನೆ. ಹಿರಿಯರೆದುರು, ವಿಶೇಷವಾಗಿ ಅತ್ತೆಮಾವಂದಿರೆದುರು, ಬಾಯಿ ಮೂಗು ಕಾಣದಂತೆ ಅದನ್ನು ಮೇಲೆಳೆದುಕೊಳ್ಳುವುದು ಅಲ್ಲಿಯ ಮರ್ಯಾದೆ. ಈ ಸಂಕೋಚಶೀಲಕ್ಕೆ ಅವರ ನುಡಿಯಲ್ಲಿ 'ತಕರಕಿತ್' ಎಂದು ಹೆಸರು.

ವಾಚಕರು ಈಗ ಒಂದು ಪ್ರಸಂಗವನ್ನು ಊಹಿಸಿಕೊಳ್ಳಬೇಕು. ಆ ಜನಾಂಗದಲ್ಲಿಯೇ ಹುಟ್ಟಿದ ತರುಣನೊಬ್ಬನು ತನ್ನವರ ಆಚಾರಗಳನ್ನು ಸಾಕ್ಷ್ಯಚಿತ್ರದಲ್ಲಿ ಉಳಿಸಹೊರಡುತ್ತಾನೆ. ತೋರಿಸುವುದು ಕ್ಯಾಮೆರಾದ ಸ್ವಭಾವ; ಮರೆಯಲ್ಲಿಡುವುದು ಆ ಜನರ ಸ್ವಭಾವ. ಆತನು ಏನು ಮಾಡಬೇಕು?

ಸುಮ್ಮನಿರಲಿ ಎನ್ನುವಂತಿಲ್ಲ. 1968ರಿಂದ 1974ರವರೆಗಿನ ಅನಾವೃಷ್ಟಿ, ಮತ್ತೆ 1984-85ರ ಬರ, ಅವರ ಹಿಂಡುಗಳನ್ನೇ ನುಂಗಿದವು. ತರುಣರು ಕೂಲಿಯನ್ನರಸಿ ಅಲ್ಜೀರಿಯ, ಲಿಬಿಯಗಳಿಗೆ ಹೋದರು. ಅವರಲ್ಲಿ 'ಇಮ್ಜಾದ್' ಎಂಬ ವಾದ್ಯವೊಂದುಂಟು: ಸೋರೆಬುರುಡೆಯ ಹೋಳಿಗೆ ಚರ್ಮ ಬಿಗಿದು, ಕುದುರೆಕೂದಲಿನ ಒಂದೇ ತಂತಿಯನ್ನು ಕಟ್ಟಿ, ಕಮಾನಿನಿಂದ ನುಡಿಸುವಂಥದು. ನುಡಿಸುವವರು ಹೆಂಗಸರು ಮಾತ್ರ. ಹಿರಿಯಳಿಂದ ಕಿರಿಯಳು ನೋಡಿ, ಕೇಳಿ ಕಲಿಯಬೇಕಾದ ವಿದ್ಯೆ ಅದು. 2013ರಲ್ಲಿ ಯುನೆಸ್ಕೊ ಅದನ್ನು ಮಾನವಕುಲದ ಪರಂಪರೆಯ ಪಟ್ಟಿಗೆ ಸೇರಿಸಿತು. ಸಂತೋಷವೇ, ಆದರೆ ಪಟ್ಟಿಯನ್ನು ಓದಿ ಯಾವ ಹುಡುಗಿಯೂ ಕಮಾನು ಹಿಡಿಯಲಾರಳು. ಮುದುಕಿಯ ಬೆರಳುಗಳ ಚಲನೆ ಚಿತ್ರದಲ್ಲಿ ಉಳಿದರೆ ಮೊಮ್ಮಗಳು ಎಂದಾದರೂ ನೋಡಿ ಕಲಿತಾಳು. 2012ರಲ್ಲಿ ಮಾಲಿಯ ಉತ್ತರಭಾಗವನ್ನು ವಶಪಡಿಸಿಕೊಂಡ ಸಶಸ್ತ್ರ ಗುಂಪುಗಳು ಸಂಗೀತವನ್ನೇ ನಿಷೇಧಿಸಿದ್ದನ್ನು ನೆನೆದರೆ, ಈ ಆತುರ ಎಷ್ಟು ಸಹಜವೆಂಬುದು ತಿಳಿಯುತ್ತದೆ.

ಆತನು ಹಿಂಜರಿದರೆ ಚಿತ್ರಿಸಲು ಹೊರಗಿನವರು ಇದ್ದೇ ಇದ್ದಾರೆ. ಟುವಾರೆಗ್ ನುಡಿಯ ಮೊದಲ ಕಥಾಚಿತ್ರವೆಂದು ಹೆಸರಾಗಿ 2015ರಲ್ಲಿ ಬಂದ ಚಿತ್ರದ ನಿರ್ದೇಶಕ ಕ್ರಿಸ್ಟೋಫರ್ ಕಿರ್ಕ್ಲಿ ಅಮೆರಿಕದವರು. ಹೊರಗಿನವರೆಲ್ಲ ಕೆಟ್ಟದ್ದನ್ನೇ ಮಾಡುತ್ತಾರೆಂದಲ್ಲ. ಆದರೆ ಎಲ್ಲಿ ಕ್ಯಾಮೆರಾವನ್ನು ಕೆಳಗಿಳಿಸಬೇಕೆಂಬುದು ಮನೆಯ ಮಗನಿಗೆ ತಿಳಿದಷ್ಟು ಅತಿಥಿಗೆ ತಿಳಿಯದು.

ಇಷ್ಟೇ ಆಗಿದ್ದರೆ ಪ್ರಶ್ನೆ ಸುಲಭವಾಗಿತ್ತು. ಆ ಸಮಾಜದಲ್ಲಿ ಕುಲೀನರಾದ 'ಇಮಾಜೆಘೆನ್' ಇದ್ದರು, ಕಮ್ಮಾರಿಕೆಯ 'ಇನಾದೆನ್' ಇದ್ದರು, ಎಲ್ಲರ ಕೆಳಗೆ ದಾಸ್ಯದಲ್ಲಿ ಹುಟ್ಟಿದ 'ಇಕ್ಲಾನ್' ಇದ್ದರು. ನೈಜರ್ ದೇಶವು ಗುಲಾಮಗಿರಿಯನ್ನು ದಂಡಾರ್ಹ ಅಪರಾಧವೆಂದು ವಿಧಿಸಿದ್ದು 2003ರಲ್ಲಿ, ಅಂದರೆ ಮೊನ್ನೆ ಮೊನ್ನೆ. ನಮ್ಮ ತರುಣನು ಒಂಟೆಯ ಅಂಬಾರಿಯನ್ನು ತೋರಿಸಿ, ಅದನ್ನು ಮಾಡಿದ ಕೈಯನ್ನು ಬಿಟ್ಟರೆ? ಡೇರೆಯ ಆತಿಥ್ಯವನ್ನು ಹೊಗಳಿ, ಅದಕ್ಕೆ ನೀರು ಹೊತ್ತ ದಾಸಿಯನ್ನು ಬಿಟ್ಟರೆ? ಕೇಳಿದಾಗ, ಮನೆಯ ಮಾತನ್ನು ಹೊರಗಾಡುವುದು ತಕರಕಿತ್ ಅಲ್ಲವೆಂದು ಆತನು ಹೇಳಬಹುದು. ಆ ಉತ್ತರವನ್ನು ನಾನು ಒಪ್ಪಲಾರೆ. ತನ್ನ ಮುಖಕ್ಕೆ ತಾನೇ ಎಳೆದುಕೊಂಡದ್ದು ಸಂಕೋಚ. ಇನ್ನೊಬ್ಬಳ ಮುಖದ ಮೇಲೆ ತಾನು ಹೊದಿಸಿದ್ದು ಸಂಕೋಚವಲ್ಲ.

ಆದರೂ ತೀರ್ಪನ್ನು ಆತುರದಿಂದ ಕೊಡಲಾಗದು. ಆ ದಾಸಿಯ ಮಗಳು ಮಾತನಾಡಲು ಒಪ್ಪಿದಳೆನ್ನಿ, ಹಿರಿಯನೊಬ್ಬನು ಬೇಡವೆಂದನೆನ್ನಿ. ಚಿತ್ರ ಮುಗಿದ ಮೇಲೆ ತರುಣನು ನಗರಕ್ಕೆ ಹೋಗುತ್ತಾನೆ. ಆಕೆ ಅದೇ ಹಿರಿಯನ ಬಾವಿಯಿಂದಲೇ ನೀರು ತರಬೇಕು. ಆದುದರಿಂದ ಮೊದಲು ಆಕೆಯನ್ನೇ ಕೇಳಲಿ, ನಾಳೆಯ ಪರಿಣಾಮವನ್ನು ಬಿಡಿಸಿ ಹೇಳಿ ಮತ್ತೊಮ್ಮೆ ಕೇಳಲಿ. ಆಗಲೂ ಆಕೆ ಹೇಳುವೆನೆಂದರೆ, ಹಿರಿಯನೆದುರು ತನ್ನ ಮುಸುಕನ್ನು ಮೂಗಿನವರೆಗೆ ಮೇಲೆಳೆದುಕೊಂಡು, ಕ್ಯಾಮೆರಾವನ್ನು ಆಕೆಯ ಕಡೆಗೆ ತಿರುಗಿಸಲಿ.