ಮುಂದಿರುವ ಕಣ್ಣಿನ ಸಾಕ್ಷ್ಯ

ಮೊಲದ ಕಣ್ಣು ಪಕ್ಕಕ್ಕಿವೆ, ಹುಲಿಯ ಕಣ್ಣು ಮುಂದಕ್ಕಿವೆ. ಮನುಷ್ಯನವೂ ಮುಂದಕ್ಕೇ ಇವೆ, ಆದ್ದರಿಂದ ಬೇಟೆ ಅವನ ರಕ್ತದಲ್ಲೇ ಇದೆ. ನಮ್ಮ ಧಾರವಾಡದ ಒಂದು ಉಪನ್ಯಾಸದಲ್ಲಿ ಈ ಮಾತು ಕೇಳಿದೆ. ಅಲ್ಲಿಂದ ಮುಂದಕ್ಕೆ ಯುದ್ಧವೂ ಸಹಜ, ಪೈಪೋಟಿಯೂ ಸಹಜ ಎಂದಾಯಿತು. ಸಭೆ ಚಪ್ಪಾಳೆ ತಟ್ಟಿತು. ನನಗೆ ಬಂದ ಸಿಟ್ಟು ಇನ್ನೂ ಇಳಿದಿಲ್ಲ. ನಮ್ಮ ಕ್ರೌರ್ಯಕ್ಕೆ ತಲೆಬುರುಡೆಯ ಎರಡು ಗುಳಿಗಳನ್ನು ಸಾಕ್ಷಿಗೆ ಕರೆಯುವುದು ಅನ್ಯಾಯ.

ಆದರೆ ಈ ಮಾತಿನ ಹಿಂದೆ ಗಟ್ಟಿ ವಿಜ್ಞಾನವೊಂದಿದೆ. ಅದಕ್ಕೆ ಮುಖ ಕೊಡದೆ ಸಿಟ್ಟಾಗಿ ಪ್ರಯೋಜನವಿಲ್ಲ. ಮರದ ಮೇಲಿನ ಬದುಕೇ ವಾನರ ಕುಲಕ್ಕೆ ಹಿಡಿಯುವ ಕೈ, ಮುಂದಿನ ಕಣ್ಣು ಕೊಟ್ಟಿತೆಂದು ಎಲಿಯಟ್ ಸ್ಮಿತ್, ವುಡ್ ಜೋನ್ಸ್ 20ನೇ ಶತಮಾನದ ಆರಂಭದಲ್ಲಿ ಹೇಳಿದ್ದರು. 1970ರ ದಶಕದಲ್ಲಿ ಅಮೆರಿಕದ ಮಾನವಶಾಸ್ತ್ರಜ್ಞ ಮ್ಯಾಟ್ ಕಾರ್ಟ್‌ಮಿಲ್ ಆ ವಾದಕ್ಕೆ ಹಾಕಿದ ಸವಾಲು ಸರಳ: ಹಾಗಿದ್ದರೆ ಅಳಿಲಿಗೆ ಯಾಕೆ ಬರಲಿಲ್ಲ? ನಮ್ಮ ಹಿತ್ತಲ ಬೇವಿನ ಮರದಲ್ಲಿ ಅಳಿಲು ಉಗುರೂರಿ ತಲೆಕೆಳಗಾಗಿ ಇಳಿಯುತ್ತದೆ, ಟೊಂಗೆಯಿಂದ ಟೊಂಗೆಗೆ ಹಾರುತ್ತದೆ. ಅದರ ಕಣ್ಣು ಪಕ್ಕದಲ್ಲೇ ಇವೆ. ಕಾರ್ಟ್‌ಮಿಲ್ ಪ್ರಕಾರ ನಮ್ಮ ಮೊದಲ ಪೂರ್ವಜರು ಸಣ್ಣ ಕೊಂಬೆಗಳಲ್ಲಿ ಹುಳು ಹುಡುಕುತ್ತ, ಕಣ್ಣಲ್ಲೇ ದೂರ ಅಳೆದು ಕೈಯಲ್ಲಿ ಹಿಡಿದವರು. ಬೆಕ್ಕು, ಗೂಬೆಗಳ ಕಣ್ಣಿಗೂ ಇದೇ ಕಾರಣ.

ಹಾಗಾದರೆ ಮುಂಗುಸಿ? ವಿಶ್ವವಿದ್ಯಾಲಯದ ಕಡೆ ಬೆಳಗ್ಗೆ ವಾಕಿಂಗ್ ಹೋದರೆ ಬೇಲಿ ದಾಟುತ್ತ ಎದುರಾಗುತ್ತದೆ. ಕಣ್ಣು ಪಕ್ಕಕ್ಕಿದ್ದೂ ಅದು ಹಾವನ್ನೇ ಹಿಡಿಯುತ್ತದೆ. ಇದಕ್ಕೆ ಕಾರ್ಟ್‌ಮಿಲ್ ಪಕ್ಷದವರಲ್ಲಿ ಉತ್ತರವಿದೆ: ಮುಂಗುಸಿಯದು ಹಗಲಿನ ಬೇಟೆ, ಮೂಗಿನ ನೆರವೂ ಇದೆ, ಮಬ್ಬುಗತ್ತಲಲ್ಲಿ ಕಣ್ಣನ್ನೇ ನಂಬಿದವರಿಗೆ ಮಾತ್ರ ಎರಡೂ ನೋಟ ಒಂದೆಡೆ ಕೂಡಬೇಕು. ಒಪ್ಪಿದೆ. ಆಗ ನಾನು ರಾಬರ್ಟ್ ಸಸ್ಮನ್ ಅವರ ಮೊರೆ ಹೋದೆ. ಹೂಬಿಡುವ ಗಿಡಗಳು ಹರಡಿದಾಗ ಕೊಂಬೆ ತುದಿಯ ಹಣ್ಣು-ಹೂಗಳಿಗಾಗಿ ನಮ್ಮ ಕುಲ ರೂಪುಗೊಂಡಿತು ಎಂದು 1991ರಲ್ಲಿ ಅವರು ವಾದಿಸಿದ್ದರು. ವಯೋಮಿಂಗ್‌ನಲ್ಲಿ ಸಿಕ್ಕ, 2002ರಲ್ಲಿ ವರದಿಯಾದ, ನಮ್ಮ ಕುಲದ ಹಳೆಯ ಬಂಧು ಕಾರ್ಪೊಲೆಸ್ಟೀಸ್ ಪಳೆಯುಳಿಕೆ ಅವರ ಕೈ ಬಲಪಡಿಸುವಂತಿದೆ. ಸುಮಾರು 5.6 ಕೋಟಿ ವರ್ಷ ಹಿಂದಿನ ಆ ಜೀವಿಗೆ ಹಿಡಿಯುವ ಪಾದವಿತ್ತು, ಕಣ್ಣು ಇನ್ನೂ ಮುಂದಕ್ಕೆ ಬಂದಿರಲಿಲ್ಲ. ಹಿಡಿತ ಮೊದಲು, ಕಣ್ಣು ಆಮೇಲೆ.

ಅಷ್ಟಕ್ಕೇ ನಿಲ್ಲಬಹುದಿತ್ತು. ಆದರೆ ನಮ್ಮದೇ ವಾನರ ಕುಲದ ಇರುಳು ಜೀವಿ ಕಾಡುಪಾಪವನ್ನು (ಲೋರಿಸ್) ನಾನು ನೋಡಿದ್ದೇನೆ. ನಮ್ಮ ಪಕ್ಕದ ಕಾಳಿ ಕಾಡಿನಲ್ಲೂ ಅದಿದೆ, ನನ್ನ ಕಣ್ಣಿಗೆ ಬಿದ್ದದ್ದು ತುಮಕೂರು ಬಳಿಯ ನಾಗವಲ್ಲಿಯಲ್ಲಿ. ಇನ್ನೂರು ಗ್ರಾಂ ಆಸುಪಾಸಿನ ಜೀವ. ಕೆಂಪು ಬೆಳಕಿಗೆ ಕಣ್ಣು ಕೆಂಡದಂತೆ ಹೊಳೆದವು. ಹುಣಸೆಯ ಕಡ್ಡಿಯಂಥ ಕೊಂಬೆಯಲ್ಲಿ ಒಂದೊಂದೇ ಕೈ ಎತ್ತಿಟ್ಟು ಬಂತು, ಪತಂಗವೊಂದನ್ನು ದಿಟ್ಟಿಸಿತು, ಹಿಂಗಾಲಲ್ಲಿ ಕೊಂಬೆ ಬಿಗಿಹಿಡಿದು ಎರಡೂ ಕೈ ಚಾಚಿ ಬಾಚಿಕೊಂಡಿತು. ಆಮೇಲೆ ಇರುವೆ ಸಾಲಿಗೆ ಬಾಯಿ ಹಾಕಿತು. ಸೀನಿತು, ಜೊಲ್ಲು ಸುರಿಸಿತು, ತಲೆ ಕೊಡವಿತು, ಮತ್ತೆ ತಿಂದಿತು. ತಮಿಳುನಾಡಿನ ಅಯ್ಯಲೂರಿನಲ್ಲಿ ಇವುಗಳ ಹಿಂದೆ ರಾತ್ರಿಗಳನ್ನು ಕಳೆದ ಅನ್ನಾ ನೆಕಾರಿಸ್ ಕಂಡದ್ದೂ ಇದೇ: ಆಹಾರ ಹೆಚ್ಚುಕಡಿಮೆ ಎಲ್ಲವೂ ಹುಳುಹುಪ್ಪಟೆ. ಇರುವೆ ಸಾಲಿಗೆ ಅಳೆಯುವ ಕಣ್ಣು ಬೇಕಿಲ್ಲ, ಪತಂಗಕ್ಕೆ ಬೇಕು. ಕಾರ್ಟ್‌ಮಿಲ್ ವಿವರಿಸಿದ ಬೇಟೆ ನನ್ನೆದುರೇ ನಡೆದಿತ್ತು. ಇವತ್ತಿನ ಒಂದು ಪ್ರಾಣಿ ಕೋಟ್ಯಂತರ ವರ್ಷ ಹಿಂದಿನದಕ್ಕೆ ಪುರಾವೆಯಲ್ಲ, ನಿಜ. ಆದರೂ ಆ ಕಣ್ಣು ಬೇಟೆಗೆ ಎಷ್ಟು ಒಗ್ಗಿದೆ ಎಂಬುದನ್ನು ಅಲ್ಲಗಳೆಯಲಾರೆ.

ಸೋಲೊಪ್ಪಲು ಸಿದ್ಧನಾಗಿ ಕಾರ್ಟ್‌ಮಿಲ್ ಅವರ ಮುಂದಿನ ಬರಹಕ್ಕೆ ಬಂದೆ. ಬೇಟೆಯೇ ಮನುಷ್ಯನನ್ನು ಮನುಷ್ಯನಾಗಿಸಿತು, ಕೊಲೆಗಡುಕ ವಾನರನ ಸಂತಾನ ನಾವು ಎಂಬ ರೇಮಂಡ್ ಡಾರ್ಟ್, ರಾಬರ್ಟ್ ಆರ್ಡ್ರಿಯವರ ಕಥೆಯನ್ನು 1993ರ ಪುಸ್ತಕದಲ್ಲಿ ಪಟ್ಟುಹಿಡಿದು ಕೆಡವಿದವರು ಇದೇ ಕಾರ್ಟ್‌ಮಿಲ್! ಕಣ್ಣಿನ ಮೂಲ ಬೇಟೆ ಎಂದವರೇ ಮನುಷ್ಯನ ಸ್ವಭಾವ ಬೇಟೆ ಎನ್ನಲು ಒಪ್ಪಲಿಲ್ಲ. ಹುಳು ಹಿಡಿಯಲು ಬಂದ ಕಣ್ಣು ಇವತ್ತು ಸೂಜಿಗೆ ದಾರ ಪೋಣಿಸುತ್ತದೆ. ಅಷ್ಟೇಕೆ, ಕಾಡುಪಾಪಗಳೇ ಇರುಳೆಲ್ಲ ಬೇಟೆಯಾಡಿ ಹಗಲು ಒಂದನ್ನೊಂದು ಅವುಚಿ ಮಲಗುತ್ತವೆ. ಹುಟ್ಟಿದ ಕುಲದಿಂದ ಯೋಗ್ಯತೆ ಅಳೆಯಬೇಡಿ ಎಂದು ಶರಣರು 12ನೇ ಶತಮಾನದಲ್ಲೇ ಹಟ ಹಿಡಿದ ನೆಲ ನಮ್ಮದು. ಅದೇ ಮಾತು ಕಣ್ಣಿಗೂ ಸಲ್ಲಬೇಕು.

ಇಲ್ಲಿ ಗೆದ್ದೆ ಎನ್ನಲು ಧೈರ್ಯ ಬರುತ್ತಿಲ್ಲ. ಕಾಡುಪಾಪವನ್ನು ವಶೀಕರಣ, ಮಾಟ ಎಂದು ಹಿಡಿದು ಕೊಲ್ಲುತ್ತಾರೆ. 1972ರ ವನ್ಯಜೀವಿ ಕಾಯ್ದೆಯ ಮೊದಲ ಅನುಸೂಚಿಯಲ್ಲಿದ್ದರೂ ಅದಕ್ಕೆ ಭಯ ತಪ್ಪಿಲ್ಲ. ಅದನ್ನು ಉಳಿಸಿ ಎನ್ನುವಾಗ ನಾನು ಹೇಳುತ್ತ ಬಂದ ಕಾರಣ ಒಂದೇ: ಅದು ನಮ್ಮ ಬಳಗ, ಆ ಬೆರಳು ನಮ್ಮ ಬೆರಳು. ಮೂಲದಿಂದ ಇವತ್ತಿನ ಬಾಳಿಗೆ ಏನೂ ತೀರ್ಮಾನವಾಗದು ಎಂದಾದರೆ ಈ ಬಳಗದ ಮಾತೂ ಬಿದ್ದುಹೋಗುತ್ತದೆ. ನೋವುಣ್ಣುವ ಯಾವ ಜೀವವನ್ನೂ ಕೊಲ್ಲಬಾರದು ಎಂಬ ಬೇರೆ ಕಾರಣ ಇದೆ, ಆದರೆ ಆಗ ಕಾಡುಪಾಪಕ್ಕೂ ಹೆಗ್ಗಣಕ್ಕೂ ಭೇದ ಮಾಡುವಂತಿಲ್ಲ. ನನ್ನ ಮನಸ್ಸು ಭೇದ ಮಾಡುತ್ತದೆ, ಬಿಡು ಎಂದರೂ ಬಿಡುವುದಿಲ್ಲ. ಆ ಉಪನ್ಯಾಸಕಾರರು ಹಿಂಸೆಗೆ ಮೂಲವನ್ನು ಕರೆದರು, ನಾನು ಮಮತೆಗೆ ಕರೆಯುತ್ತಿದ್ದೇನೆ. ಎರಡರಲ್ಲಿ ಒಂದನ್ನು ಮಾತ್ರ ತಡೆಯುವ ನಿಯಮ ಯಾವುದು ಎಂದು ಹುಡುಕುತ್ತಿದ್ದೇನೆ, ಇನ್ನೂ ಸಿಕ್ಕಿಲ್ಲ.